ಅಳಿಸಿದ್ದು ತಿದ್ದಿದಂತಲ್ಲ



ಇವತ್ತಿನ ಪೋಸ್ಟ್ ಸ್ವಲ್ಪ ಉದ್ದ ಇದೆ. ಪೂರ್ತಿ ಓದಿ. ಬೈಯೋದಿದ್ರೆ ಓದಿದ ಮೇಲೆ ಬೈಯಿರಿ. ಈ ಸಲ ಬೈಸಿಕೊಳ್ಳಬೇಕಾದವರ ಸಾಲಿನಲ್ಲಿ ನಾವೂ ನಿಂತಿದ್ದೇವೆ.

ಹೋದ ರಾಜ್ಯೋತ್ಸವಕ್ಕೆ ನಮ್ಮ ಪೇಜಿನಲ್ಲಿ ಒಂದು ಪೋಸ್ಟರ್ ಹಾಕಿದ್ವಿ. ಅರಿಶಿನ ಕುಂಕುಮದ ಬಣ್ಣ, ನಡುವೆ ಕಿಟೆಲ್ ಅವರ ಫೋಟೊ. ಕೆಳಗೆ ಒಂದು ಸಾಲು: ವಿದೇಶಿಯೊಬ್ಬರು ನಿಘಂಟು ಬರೆದುಕೊಟ್ಟ ಭಾರತದ ಏಕೈಕ ಭಾಷೆ ಕನ್ನಡ. ನಿಮ್ಮಲ್ಲಿ ಬಹಳ ಜನ ಅದನ್ನು ಶೇರ್ ಮಾಡಿದ್ರಿ, ಸ್ಟೇಟಸ್ಸಿಗೆ ಹಾಕಿಕೊಂಡ್ರಿ. ಶಾಲೆಯ ಭಾಷಣದಲ್ಲೂ ಅದು ಬಂತಂತೆ.

ಅದರ ಕೆಳಗೆ ತಲಶ್ಶೇರಿ ಕಡೆಯ ಒಬ್ಬ ಹುಡುಗ ಒಂದೇ ಸಾಲು ಬರೆದಿದ್ದ: ಹಾಗಾದರೆ ಗುಂಡರ್ಟ್ ಯಾರು?

ನಾವೇನು ಮಾಡಿದ್ವಿ ಗೊತ್ತಾ? ನಮ್ಮವರು ಅವನಿಗೆ ಹೊಟ್ಟೆಕಿಚ್ಚಿನವನು ಅಂದ್ರು, ಇನ್ನೇನೇನೋ ಅಂದ್ರು. ನಾವು ಅವನ ಕಾಮೆಂಟನ್ನೇ ಮರೆಮಾಡಿದ್ವಿ. ನಾಲ್ಕು ದಿನ ಬಿಟ್ಟು ನಮ್ಮಲ್ಲೇ ಒಬ್ಬರು ಕೂತು ಹುಡುಕಿ ನೋಡಿದ್ರು. ರಾತ್ರಿ ಹನ್ನೊಂದಕ್ಕೆ ಪೋಸ್ಟರ್ ತೆಗೆದುಹಾಕಿದ್ವಿ. ಯಾರಿಗೂ ಹೇಳಲಿಲ್ಲ. ಮುಗೀತು ಅಂದುಕೊಂಡ್ವಿ.

ಆ ಹುಡುಗ ಹೇಳಿದ್ದು ಸರಿ. ಹರ್ಮನ್ ಗುಂಡರ್ಟ್ ಅವರ ಮಲಯಾಳಂ-ಇಂಗ್ಲಿಷ್ ನಿಘಂಟು ಬಂದದ್ದು 1872ರಲ್ಲಿ, ಅದೂ ನಮ್ಮ ಮಂಗಳೂರಿನ ಬಾಸೆಲ್ ಮಿಶನ್ನಿನಿಂದ. ಅದೇ ಮಿಶನ್ನಿನ ಕಿಟೆಲ್ ಅವರ ಕನ್ನಡ-ಇಂಗ್ಲಿಷ್ ನಿಘಂಟು ಬಂದದ್ದು 1894ರಲ್ಲಿ, 22 ವರ್ಷ ಕಳೆದ ಮೇಲೆ. ಇಷ್ಟಕ್ಕೇ ನಿಲ್ಲಲ್ಲ. ಸೊಲ್ಲಾಪುರದ ಗೆಳೆಯರೇ, ನಿಮ್ಮ ನೆರೆಯ ಮರಾಠಿಗೆ ಮೋಲ್ಸ್‌ವರ್ತ್ 1831ರಲ್ಲೇ ನಿಘಂಟು ಕೊಟ್ಟಿದ್ದರು. ರಾಯದುರ್ಗ, ಮಡಕಶಿರಾದವರೇ, ತೆಲುಗಿಗೆ ಸಿ.ಪಿ. ಬ್ರೌನ್ ನಿಘಂಟು 1850ರ ದಶಕದ್ದು. ಹೊಸೂರು, ತಾಳವಾಡಿಯವರೇ, ತಮಿಳಿಗೆ ವಿನ್ಸ್‌ಲೋ ನಿಘಂಟು 1862ರದ್ದು. ಗೋವಾದವರೇ, ಕೊಂಕಣಿಗೆ ಮಫೆಯ್ ಪಾದ್ರಿಗಳ ನಿಘಂಟು 1883ರದ್ದು. ನಮ್ಮ ತುಳುವಿಗೂ ಮ್ಯಾನರ್ ಅವರ ನಿಘಂಟು 1886ರಲ್ಲಿ ಬಂದಿದೆ. ಕನ್ನಡಕ್ಕೇ ಕಿಟೆಲ್‌ಗಿಂತ ಅರವತ್ತು ವರ್ಷ ಮೊದಲು ವಿಲಿಯಂ ರೀವ್ ಅವರ ನಿಘಂಟು ಇತ್ತು.

ಅಂದರೆ ನಮ್ಮ ಸುತ್ತ ಇರುವ ಒಂದೊಂದು ಭಾಷೆಯೂ ನಮ್ಮ ಪೋಸ್ಟರನ್ನು ಸುಳ್ಳು ಮಾಡುತ್ತೆ. ಬೆಂಗಳೂರಿನಲ್ಲಿ ಕೂತವರು ಈ ತಪ್ಪು ಮಾಡಿದರೆ ಏನೋ ಅನ್ನಬಹುದು. ಆ ಕಡೆಯ ಭಾಷೆ ದಿನಾ ಕಿವಿಗೆ ಬೀಳುವ ಊರುಗಳಲ್ಲಿ ಬೆಳೆದ ನಾವು ಮಾಡಬಾರದಿತ್ತು. ಕಿಟೆಲ್ ದೊಡ್ಡವರು. ಅವರನ್ನು ದೊಡ್ಡವರು ಮಾಡೋಕೆ ಗುಂಡರ್ಟರನ್ನು ಇಲ್ಲ ಅನ್ನಿಸಬೇಕಾಗಿರಲಿಲ್ಲ.

ಇಷ್ಟೇ ಆಗಿದ್ದರೆ ಒಂದು ನಾಚಿಕೆಯ ಕಥೆ ಅಂತ ಬಿಡಬಹುದಿತ್ತು. ಬಿಡೋಕಾಗದ ಕಾರಣ ಮುಂದಿದೆ.

ಎರಡು ತಿಂಗಳ ನಂತರ ಒಂದು ಪತ್ರಿಕೆಯಲ್ಲಿ ನಮ್ಮ ಗಡಿ ತಾಲೂಕೊಂದರ ಬಗ್ಗೆ ಲೇಖನ ಬಂತು. ಅಲ್ಲಿನ ಕನ್ನಡದವರು ಈಚಿನ ದಶಕಗಳಲ್ಲಿ ಕೂಲಿಗಾಗಿ ವಲಸೆ ಬಂದವರು ಅಂತ ಅದರಲ್ಲಿ ಒಂದು ವಾಕ್ಯ. ಒಂದೇ ಒಂದು ವಾಕ್ಯ. ಒಂದು ಆನ್‌ಲೈನ್ ವಿಶ್ವಕೋಶದಲ್ಲಿ ಆ ಊರಿನ ಪುಟಕ್ಕೆ ಯಾರೋ ಅದನ್ನು ಹಾಕಿದರು, ಆಧಾರಕ್ಕೆ ಆ ಪತ್ರಿಕೆಯನ್ನೇ ತೋರಿಸಿದರು. ನಾವು ಸಂಪಾದಕರಿಗೆ ಕಾಗದ ಬರೆದ್ವಿ. ಉತ್ತರ ಬರಲಿಲ್ಲ. ಆದರೆ ಒಂದು ವಾರದಲ್ಲಿ ಅವರ ವೆಬ್‌ಸೈಟಿನ ಲೇಖನದಿಂದ ಆ ವಾಕ್ಯ ಮಾಯವಾಗಿತ್ತು. ತಿದ್ದಿದ್ದೇವೆ ಅಂತ ಒಂದಕ್ಷರ ಇಲ್ಲ. ಅಚ್ಚಾದ ಪತ್ರಿಕೆಯಲ್ಲಿ ವಾಕ್ಯ ಹಾಗೇ ಇದೆ. ವಿಶ್ವಕೋಶದಲ್ಲೂ ಹಾಗೇ ಇದೆ.

ವಿಶ್ವಕೋಶದವರನ್ನು ಕೇಳಿದ್ರೆ, ಅಚ್ಚಿನಲ್ಲಿ ಬಂದಿದೆಯಲ್ಲ, ಪತ್ರಿಕೆ ತಪ್ಪು ಒಪ್ಪಿಕೊಂಡದ್ದನ್ನು ತೋರಿಸಿ ಅಂದ್ರು. ಒಪ್ಪಿಕೊಂಡಿದ್ದರೆ ತಾನೇ ತೋರಿಸೋದು? ವಾದ ನಡೀತಿರುವಾಗ ಒಬ್ಬ ಪುಣ್ಯಾತ್ಮ ಒಂದು ಸ್ಕ್ರೀನ್‌ಶಾಟ್ ತಂದು ಹಾಕಿದ. ನಮ್ಮದೇ ಪೋಸ್ಟರ್. ಕಿಟೆಲ್, ಅರಿಶಿನ ಕುಂಕುಮ, ಏಕೈಕ ಭಾಷೆ. ಕೆಳಗೆ ಅವನ ಪ್ರಶ್ನೆ: ಇಂಥವರ ಮಾತು ನಂಬಿ ಪುಟ ತಿದ್ದಬೇಕಾ?

ನಮ್ಮ ಹತ್ತಿರ ಉತ್ತರ ಇರಲಿಲ್ಲ. ಆ ಪೋಸ್ಟರಿನ ಕೆಳಗೆ "ಇದು ತಪ್ಪು, ಇಂಥ ದಿನ ತಿದ್ದಿದ್ದೇವೆ" ಅಂತ ಎರಡು ಸಾಲು ಇದ್ದಿದ್ದರೆ ಅದನ್ನು ತೋರಿಸಿ ತಲೆ ಎತ್ತಿ ನಿಲ್ಲಬಹುದಿತ್ತು. ಪತ್ರಿಕೆಯವರು ಕದ್ದು ಅಳಿಸಿದರು ಅಂತ ಬೈಯೋಕೆ ಹೋದ ನಾವೂ ಕದ್ದು ಅಳಿಸಿದವರೇ.

ಅದಕ್ಕೇ ಹೇಳ್ತಿರೋದು: ಅಳಿಸಿದ್ದು ತಿದ್ದಿದಂತಲ್ಲ. ಅಳಿಸಿದರೆ ತಪ್ಪು ಮಾಡಿದವನ ಮಾನ ಉಳಿಯುತ್ತೆ, ಅಷ್ಟೇ. ತಪ್ಪನ್ನು ಓದಿದವನಿಗೆ ಸುದ್ದಿ ಮುಟ್ಟಲ್ಲ. ಅವನು ಅದನ್ನೇ ನಂಬಿಕೊಂಡು, ಇನ್ನೊಬ್ಬನಿಗೂ ಹೇಳಿಕೊಂಡು ಇರುತ್ತಾನೆ.

ತಪ್ಪು ಹೇಗೆ ಬೇರು ಬಿಡುತ್ತೆ ಅನ್ನೋದಕ್ಕೆ ಜರ್ಮನಿಯ ಒಂದು ಪ್ರಸಂಗ ಕೇಳಿ. 2009ರ ಫೆಬ್ರುವರಿಯಲ್ಲಿ ಅಲ್ಲಿ ಗುಟೆನ್‌ಬೆರ್ಗ್ ಎಂಬವರು ಮಂತ್ರಿಯಾದರು. ರಾಜಮನೆತನದವರ ಹಾಗೆ ಮಾರುದ್ದದ ಹೆಸರು. ಯಾರೋ ಒಬ್ಬ ಜರ್ಮನ್ ವಿಕಿಪೀಡಿಯದಲ್ಲಿ ಆ ಹೆಸರುಗಳ ನಡುವೆ ವಿಲ್ಹೆಲ್ಮ್ ಅಂತ ಇನ್ನೊಂದನ್ನು ತುರುಕಿದ. ಪತ್ರಿಕೆಗಳು ಅಲ್ಲಿಂದ ಎತ್ತಿ ಅಚ್ಚು ಹಾಕಿದವು. ಆಮೇಲೆ ವಿಕಿಪೀಡಿಯದಲ್ಲಿ ಈ ಹೆಸರಿಗೆ ಆಧಾರ ಏನು ಅಂತ ಪ್ರಶ್ನೆ ಬಂದಾಗ ತೋರಿಸಿದ್ದು ಅದೇ ಪತ್ರಿಕೆಗಳನ್ನು! ಸುಳ್ಳು ಒಂದು ಸುತ್ತು ಹೊಡೆದು ತನ್ನ ಸಾಕ್ಷಿಯನ್ನು ತಾನೇ ಕರಕೊಂಡು ಬಂತು.

ನಮ್ಮ ಕಿಟೆಲ್ ಸಾಲು ನಮಗೆ ಎಲ್ಲಿ ಸಿಕ್ಕಿದ್ದು? ಇನ್ನೊಂದು ಪೇಜಿನಲ್ಲಿ. ಅವರಿಗೆ? ಒಂದು ವಾಟ್ಸಾಪ್ ಫಾರ್ವರ್ಡಿನಲ್ಲಿ. ನಾಳೆ ನಮ್ಮನ್ನು ನೋಡಿ ಯಾವುದೋ ಪುರವಣಿ ಬರೆಯುತ್ತಿತ್ತು. ನಾಡಿದ್ದು ನಾವೇ ಆ ಪುರವಣಿಯನ್ನು ಆಧಾರ ಅಂತ ತೋರಿಸುತ್ತಿದ್ವಿ. ಜರ್ಮನಿಯವರನ್ನು ನೋಡಿ ನಗೋದು ಬೇಡ.

ಇನ್ನು ದೊಡ್ಡವರ ವಿಷಯ. ನ್ಯೂಯಾರ್ಕ್ ಟೈಮ್ಸ್ 1920ರ ಜನವರಿಯಲ್ಲಿ ಸಂಪಾದಕೀಯ ಬರೆದು ರಾಕೆಟ್ ವಿಜ್ಞಾನಿ ರಾಬರ್ಟ್ ಗೊಡಾರ್ಡ್ ಅವರನ್ನು ಗೇಲಿ ಮಾಡಿತ್ತು. ಗಾಳಿಯಿಲ್ಲದ ಕಡೆ ರಾಕೆಟ್ ಹೇಗೆ ಹೋಗುತ್ತೆ, ಹೈಸ್ಕೂಲು ಹುಡುಗರಿಗೆ ಗೊತ್ತಿರುವುದೂ ಈ ಮನುಷ್ಯನಿಗೆ ಗೊತ್ತಿಲ್ಲ ಅನ್ನುವ ಧಾಟಿ. ತಿದ್ದುಪಡಿ ಬಂದದ್ದು 1969ರ ಜುಲೈ 17ಕ್ಕೆ, ಅಪೊಲೊ 11 ಚಂದ್ರನ ಕಡೆ ಹೊರಟ ಮಾರನೇ ದಿನ. ನಲವತ್ತೊಂಬತ್ತು ವರ್ಷ! ಅಷ್ಟರಲ್ಲಿ ಗೊಡಾರ್ಡ್ ತೀರಿಹೋಗಿ ಸುಮಾರು 24 ವರ್ಷ ಆಗಿತ್ತು. ತಿದ್ದಿದರು ನಿಜ, ಆದರೆ ಯಾರಿಗೆ ಬೇಕಿತ್ತೋ ಅವರಿಗೆ ಸಿಗಲಿಲ್ಲ.

ಇದಕ್ಕೆ ತಿರುಗುಮುರುಗಾದದ್ದೂ ಒಂದಿದೆ, ಅದೂ ನಿಘಂಟಿನದ್ದೇ. ಅಮೆರಿಕದ ವೆಬ್‌ಸ್ಟರ್ ನಿಘಂಟಿನ 1934ರ ಆವೃತ್ತಿಯಲ್ಲಿ ಡಾರ್ಡ್ ಅಂತ ಒಂದು ಪದ ಇತ್ತು, ಅರ್ಥ ಸಾಂದ್ರತೆ. ಅಂಥ ಪದವೇ ಇಲ್ಲ. ಸಾಂದ್ರತೆಗೆ ಡಿ ಎಂಬ ಅಕ್ಷರವನ್ನು ದೊಡ್ಡದಾಗಿ ಅಥವಾ ಚಿಕ್ಕದಾಗಿ ಬರೆಯಬಹುದು ಅಂತ ಚೀಟಿಯಲ್ಲಿ ಬರೆದಿದ್ದನ್ನು ಯಾರೋ ಕೂಡಿಸಿ ಓದಿ ಪದ ಮಾಡಿಬಿಟ್ಟಿದ್ದರು. 1939ರಲ್ಲಿ ಸಂಪಾದಕರೊಬ್ಬರ ಕಣ್ಣಿಗೆ ಬಿತ್ತು, 1947ರ ಹೊತ್ತಿಗೆ ಪದ ಹೋಯಿತು. ಮುಖ್ಯವಾದ ಮಾತು ಇದಲ್ಲ. 1954ರಲ್ಲಿ ಆ ನಿಘಂಟಿನ ಸಂಪಾದಕ ಫಿಲಿಪ್ ಗೋವ್ ಅವರೇ ಈ ತಪ್ಪಿನ ಪೂರ್ತಿ ಕಥೆ ಬರೆದು ವಿದ್ವತ್ ಪತ್ರಿಕೆಯಲ್ಲಿ ಪ್ರಕಟಿಸಿದರು. ಚೀಟಿ ಯಾವುದು, ಯಾವ ಹಂತದಲ್ಲಿ ಎಡವಿದ್ದು, ಎಲ್ಲ. ಆ ನಿಘಂಟಿನ ಮರ್ಯಾದೆ ಹೋಯಿತಾ? ಇಲ್ಲ. ಇಂಥವರು ಉಳಿದದ್ದನ್ನೂ ನೋಡಿಯೇ ಬರೆದಿರುತ್ತಾರೆ ಅಂತ ನಂಬಿಕೆ ಗಟ್ಟಿಯಾಯಿತು.

ನಮ್ಮ ಪತ್ರಿಕೆಗಳಿಗೆ ಇದು ಗೊತ್ತಿಲ್ಲವೇ? ಗೊತ್ತಿದೆ. ಲಂಡನ್ನಿನ ಗಾರ್ಡಿಯನ್ 1997ರಲ್ಲಿ ಓದುಗರ ದೂರು ಕೇಳೋಕೆ ಅಂತಲೇ ಒಬ್ಬ ಸಂಪಾದಕರನ್ನು ಕೂರಿಸಿತು. ನಮ್ಮ ದೇಶದಲ್ಲಿ ದಿ ಹಿಂದೂ 2006ರಲ್ಲಿ ಅದೇ ಕೆಲಸ ಮಾಡಿತು. ತಪ್ಪು ಗೊತ್ತಾದರೆ ಬೇಗ, ಎದ್ದು ಕಾಣುವ ಹಾಗೆ ತಿದ್ದುಪಡಿ ಹಾಕಬೇಕು ಅಂತ ಭಾರತೀಯ ಪತ್ರಿಕಾ ಮಂಡಳಿಯ ನಡವಳಿಕೆ ಸೂತ್ರಗಳಲ್ಲೇ ಇದೆ. ಆದರೂ ಎಷ್ಟು ಕಡೆ ನೋಡ್ತೇವೆ: ತಪ್ಪು ಮುಖಪುಟದಲ್ಲಿ, ವಿಷಾದ ಒಳಪುಟದ ಮೂಲೆಯಲ್ಲಿ, ಅದೂ ಯಾವ ತಪ್ಪು ಅಂತ ಹೇಳದೆ. ವೆಬ್‌ಸೈಟಿನಲ್ಲಂತೂ ವಿಷಾದವೂ ಇಲ್ಲ. ಬೆಳಿಗ್ಗೆ ಒಂದು, ಮಧ್ಯಾಹ್ನ ಇನ್ನೊಂದು, ಕೊಂಡಿ ಮಾತ್ರ ಅದೇ.

ಒಂದು ವಾಕ್ಯಕ್ಕೆ ಇಷ್ಟು ಗಲಾಟೆ ಯಾಕೆ ಅಂತ ಕೇಳೋರಿಗೆ ಹೇಳ್ತೇವೆ. ಸಂವಿಧಾನದ 350ಎ ವಿಧಿ ಭಾಷಾ ಅಲ್ಪಸಂಖ್ಯಾತರ ಮಕ್ಕಳಿಗೆ ಪ್ರಾಥಮಿಕ ಹಂತದಲ್ಲಿ ತಾಯ್ನುಡಿಯಲ್ಲಿ ಕಲಿಸುವ ಸೌಕರ್ಯ ಕೊಡಲು ಪ್ರಯತ್ನಿಸಬೇಕು ಅನ್ನುತ್ತೆ. ಅದು ಸಂವಿಧಾನಕ್ಕೆ ಸೇರಿದ್ದೇ 1956ರಲ್ಲಿ, ರಾಜ್ಯಗಳ ಗೆರೆ ಬದಲಾದ ಹೊತ್ತಿಗೆ, ನಮ್ಮಂಥವರಿಗಾಗಿ. ಈಗ ಕನ್ನಡ ಬಲ್ಲ ಟೀಚರ್ ಬೇಕು ಅಂತ ನಾವು ಅರ್ಜಿ ಹಿಡಿದು ಹೋದಾಗ, ಮೇಜಿನ ಆ ಕಡೆ ಕೂತವರು ಮೊಬೈಲಿನಲ್ಲಿ ಊರಿನ ಹೆಸರು ಒತ್ತಿ ನೋಡ್ತಾರೆ. ಅಲ್ಲಿ "ವಲಸೆ ಬಂದವರು" ಅಂತ ಇದ್ದರೆ ನಮ್ಮ ಅರ್ಜಿಯ ತೂಕ ಅಲ್ಲೇ ಅರ್ಧ ಇಳೀತು.

ನಿಜ ಏನು? ಆದೋನಿ, ಆಲೂರು, ರಾಯದುರ್ಗ ತಾಲೂಕುಗಳು 1953ರ ಅಕ್ಟೋಬರ್ 1ರವರೆಗೆ ಬಳ್ಳಾರಿ ಜಿಲ್ಲೆಯಲ್ಲಿದ್ದವು. ಕಾಸರಗೋಡು 1956ರ ನವೆಂಬರ್ 1ರವರೆಗೆ ದಕ್ಷಿಣ ಕನ್ನಡದಲ್ಲಿತ್ತು. ಕೊಳ್ಳೇಗಾಲ ಮೈಸೂರಿಗೆ ಬಂತು, ತಾಳವಾಡಿ ಮದ್ರಾಸಿನಲ್ಲೇ ಉಳಿಯಿತು. ಅಕ್ಕಲಕೋಟೆ, ಜತ್ತ ಸಂಸ್ಥಾನಗಳು 1948ರಲ್ಲಿ ಮುಂಬಯಿ ಪ್ರಾಂತ್ಯಕ್ಕೆ ಸೇರಿ ಆ ದಾರಿಯಲ್ಲೇ ಮಹಾರಾಷ್ಟ್ರಕ್ಕೆ ಹೋದವು. ಸೊಲ್ಲಾಪುರದ ಸಿದ್ಧರಾಮ ವಚನ ಬರೆದದ್ದು ಹನ್ನೆರಡನೇ ಶತಮಾನದಲ್ಲಿ, ಕನ್ನಡದಲ್ಲಿ. ಗೆರೆ ಎಳೆದದ್ದು ನಿನ್ನೆ ಮೊನ್ನೆ. ನಮ್ಮಜ್ಜಂದಿರು ಅಡಿಕೆ, ರಾಗಿ, ಜೋಳ ಬೆಳೆದದ್ದು ಅದಕ್ಕೂ ಬಹಳ ಮೊದಲು. ಇಂಥವರನ್ನು ವಲಸಿಗರು ಅನ್ನುವುದು ಬರೀ ಮಾಹಿತಿದೋಷ ಅಲ್ಲ, ನಮ್ಮ ಮನೆಯಲ್ಲಿ ನಮ್ಮನ್ನೇ ಬಾಡಿಗೆದಾರರನ್ನಾಗಿ ಮಾಡೋದು.

ಹಾಗಂತ ಬೀದಿಗಿಳಿದು ಕೂಗಿದರೆ ತಿದ್ದುತ್ತಾರಾ? 2021ರ ಜೂನ್ ನೆನಪಿದೆಯಾ? ಭಾರತದ ಅತಿ ಕೆಟ್ಟ ಭಾಷೆ ಯಾವುದು ಅಂತ ಹುಡುಕಿದರೆ ಗೂಗಲ್ ಕನ್ನಡ ಅಂತ ತೋರಿಸಿತು. ನಾಡೇ ಎದ್ದಿತು, ಸಚಿವರು ನೋಟಿಸ್ ಕೊಡ್ತೇವೆ ಅಂದರು, ಗೂಗಲ್ ಅದನ್ನು ತೆಗೆದು ಕ್ಷಮೆ ಕೇಳಿತು. ಒಳ್ಳೇದೇ ಆಯಿತು. ಆದರೆ ಆ ದಾರಿ ನಮಗೆ ತೆರೆದಿಲ್ಲ. ಕೋಟಿಗಟ್ಟಲೆ ಜನ ಕೂಗಿದಾಗ ಕೇಳುವ ಕಿವಿ, ಒಂದು ಗಡಿ ತಾಲೂಕಿನ ಇನ್ನೂರು ಜನ ಕೂಗಿದರೆ ಕೇಳಲ್ಲ. ನಮ್ಮ ಊರಿನ ಪುಟದಲ್ಲಿ ತಪ್ಪಿದೆ ಅಂತ ಬೆಂಗಳೂರಿನ ಯಾವ ಸಚಿವರೂ ನೋಟಿಸ್ ಕೊಡಲ್ಲ. ನಮ್ಮ ಹತ್ತಿರ ಇರೋದು ದಾಖಲೆ ಮತ್ತು ನಂಬಿಕೆ, ಎರಡೇ. ಅದರಲ್ಲಿ ಎರಡನೆಯದನ್ನು ನಾವು ಒಂದು ಪೋಸ್ಟರಿಗೆ ಮಾರಿಕೊಂಡ್ವಿ.

ಆನ್‌ಲೈನ್ ವಿಶ್ವಕೋಶಗಳ ನಿಯಮದ ಬಗ್ಗೆಯೂ ಒಂದು ಮಾತು. 2012ರಲ್ಲಿ ಅಮೆರಿಕದ ಕಾದಂಬರಿಕಾರ ಫಿಲಿಪ್ ರಾತ್ ತಮ್ಮದೇ ಕಾದಂಬರಿಗೆ ಸ್ಫೂರ್ತಿ ಯಾರು ಅನ್ನುವ ವಿಷಯದಲ್ಲಿ ಇಂಗ್ಲಿಷ್ ವಿಕಿಪೀಡಿಯ ತಿದ್ದಿಸೋಕೆ ಹೋದರೆ, ನಿಮ್ಮ ಮಾತೊಂದೇ ಸಾಲದು, ಬೇರೆ ಆಧಾರ ಬೇಕು ಅಂದರು. ಅವರು ನ್ಯೂಯಾರ್ಕರ್ ಪತ್ರಿಕೆಯ ಮೂಲಕ ಬಹಿರಂಗ ಪತ್ರ ಬರೆದರು. ಆ ಪತ್ರವೇ ಆಧಾರವಾಯಿತು, ಪುಟಕ್ಕೆ ಅವರ ಮಾತೂ ಸೇರಿತು. ರಾತ್ ಅಂಥವರಿಗೆ ನ್ಯೂಯಾರ್ಕರ್ ಇದೆ. ನಮ್ಮ ಅಜ್ಜಿಗೆ ಏನಿದೆ? ಅಚ್ಚಾದದ್ದೇ ಸಾಕ್ಷಿ ಅನ್ನುವ ನಿಯಮ ಅಚ್ಚಿನ ಮನೆ ಇದ್ದವರಿಗೆ ಅನುಕೂಲ. ನಮ್ಮ ಬಗ್ಗೆ ಅಚ್ಚಾದದ್ದರಲ್ಲಿ ಬಹುಪಾಲು ನಮ್ಮ ಭಾಷೆ ಬಾರದವರು ಬರೆದದ್ದು. ಈ ಅನ್ಯಾಯವನ್ನು ಹೇಳದೆ ಬಿಡಲ್ಲ.

ಆದರೆ ಆ ನಿಯಮ ಇಲ್ಲದಿದ್ದರೆ ನಮ್ಮ ಕಿಟೆಲ್ ಸಾಲೂ ಅಲ್ಲಿ ಹೋಗಿ ಕೂತಿರುತ್ತಿತ್ತು, ನೆನಪಿರಲಿ. ನಿಯಮವನ್ನು ಬೈಯುತ್ತಾ ಕೂರುವ ಬದಲು ನಿಯಮದೊಳಗೇ ಗೆಲ್ಲಬೇಕು. ಅಚ್ಚಾದ ದಾಖಲೆ ನಮಗೇನು ಕಡಿಮೆ ಇಲ್ಲ. ಮದ್ರಾಸ್ ಪ್ರಾಂತ್ಯದ ಕನ್ನಡ ಶಾಸನಗಳಿಗೆ ಅಂತಲೇ ದಕ್ಷಿಣ ಭಾರತ ಶಾಸನಗಳ ಸಂಪುಟಮಾಲೆಯಲ್ಲಿ ಒಂಬತ್ತನೆಯ ಸಂಪುಟ ಇದೆ. 1894ರ ಸ್ಟರಕ್ ಅವರ ದಕ್ಷಿಣ ಕನ್ನಡ ಜಿಲ್ಲಾ ಕೈಪಿಡಿ ಇದೆ. ಹಳೆಯ ಗೆಜೆಟಿಯರುಗಳಿವೆ, ಜನಗಣತಿಯ ತಾಯ್ನುಡಿ ಕೋಷ್ಟಕಗಳಿವೆ. ನಾವೇ ತೆರೆದು ನೋಡಿಲ್ಲ.

ಹಾಗಾಗಿ ಇನ್ನು ಮುಂದೆ ತಪ್ಪು ಕಂಡರೆ ಹೀಗೆ ಮಾಡೋಣ.

ಮೊದಲು ತಪ್ಪಿನ ಫೋಟೊ, ಅದು ಬಂದ ದಿನಾಂಕ, ಪುಟಸಂಖ್ಯೆ ತೆಗೆದಿಡಿ. ನಾಳೆ ಅದನ್ನು ಸದ್ದಿಲ್ಲದೆ ಬದಲಾಯಿಸಬಹುದು.

ಪತ್ರಿಕೆಗಾದರೆ ಸಂಪಾದಕರಿಗೆ ಲಿಖಿತವಾಗಿ ಬರೆಯಿರಿ. ಯಾವ ವಾಕ್ಯ, ಏನು ತಪ್ಪು, ಸರಿ ಯಾವುದು, ಆಧಾರ ಯಾವುದು, ಈ ನಾಲ್ಕೇ. ಬೈಗುಳ ಬೇಡ, ಇತಿಹಾಸದ ಭಾಷಣ ಬೇಡ. ಉತ್ತರ ಬರದಿದ್ದರೆ ಪತ್ರಿಕಾ ಮಂಡಳಿಗೆ ದೂರು ಕೊಡಬಹುದು. ದಿನಪತ್ರಿಕೆ, ವಾರಪತ್ರಿಕೆಯಾದರೆ ಪ್ರಕಟವಾದ ಎರಡು ತಿಂಗಳೊಳಗೆ ಕೊಡಬೇಕು. ಮಂಡಳಿ ದಂಡ ಹಾಕಲಾರದು, ಆದರೆ ಛೀಮಾರಿ ಹಾಕಬಲ್ಲದು. ಆ ಛೀಮಾರಿಯೂ ಒಂದು ದಾಖಲೆಯೇ.

ವಿಕಿಪೀಡಿಯದಲ್ಲಾದರೆ ಪ್ರತಿ ಲೇಖನಕ್ಕೂ ಒಂದು ಚರ್ಚೆ ಪುಟ ಇದೆ, ಇತಿಹಾಸದ ಪುಟ ಇದೆ. ಯಾರು ಯಾವಾಗ ಏನು ಬದಲಿಸಿದರು ಅಂತ ಅಲ್ಲಿ ಸಿಗುತ್ತೆ. ಈ ಒಂದು ವಿಷಯದಲ್ಲಿ ಅದು ಬಹಳ ಪತ್ರಿಕೆಗಳಿಗಿಂತ ಪ್ರಾಮಾಣಿಕ. ಚರ್ಚೆ ಪುಟದಲ್ಲಿ ಆಧಾರ ಇಟ್ಟು ಕೇಳಿ. ಹತ್ತು ಜನ ಹತ್ತು ಹೊಸ ಖಾತೆ ತೆರೆದು ನುಗ್ಗಬೇಡಿ. ಒಂದೇ ಪುಟದಲ್ಲಿ 24 ಗಂಟೆಯೊಳಗೆ ಮೂರಕ್ಕಿಂತ ಹೆಚ್ಚು ಸಲ ಇನ್ನೊಬ್ಬರು ಬರೆದದ್ದನ್ನು ಹಿಂದಕ್ಕೆ ತಿರುಗಿಸಿದರೆ ಇಂಗ್ಲಿಷ್ ವಿಕಿಪೀಡಿಯದಲ್ಲಿ ಖಾತೆಗೆ ತಡೆ ಬೀಳಬಹುದು. ಹಾಗಾದರೆ ತಪ್ಪು ಅಲ್ಲೇ ಉಳಿಯುತ್ತೆ, ನೀವು ಹೊರಗೆ.

ಅಜ್ಜ ಅಜ್ಜಿಗೆ ಗೊತ್ತಿರೋದನ್ನು ಬರೆಸಿ ಅಚ್ಚು ಹಾಕಿಸಿ. ಶಾಲೆಯ ವಾರ್ಷಿಕ ಸಂಚಿಕೆ, ಸಂಘದ ಸ್ಮರಣ ಸಂಚಿಕೆ, ಸ್ಥಳೀಯ ಪತ್ರಿಕೆ, ಎಲ್ಲಾದರೂ ಸರಿ, ದಿನಾಂಕ ಮತ್ತು ಹೆಸರಿನೊಂದಿಗೆ. ಎಲ್ಲ ಕಡೆಯೂ ಅದನ್ನು ಒಪ್ಪಲಿಕ್ಕಿಲ್ಲ. ಆದರೆ ಬರೆಯದೆ ಹೋದರೆ ಒಪ್ಪಿಸೋಕೂ ಏನೂ ಉಳಿಯಲ್ಲ.

ಹೆಚ್ಚು ಹೇಳಿಕೊಳ್ಳಬೇಡಿ. ಕನ್ನಡಕ್ಕೆ ಎಂಟು ಜ್ಞಾನಪೀಠ ಬಂದಿದೆ, ಇದು ನಿಜ. ದೇಶದಲ್ಲೇ ಅತಿ ಹೆಚ್ಚು ಅಂದರೆ ಸುಳ್ಳು, ಹಿಂದಿಗೆ ಅದಕ್ಕಿಂತ ಹೆಚ್ಚು ಬಂದಿದೆ. ಕಾಸರಗೋಡಿನಲ್ಲಿ ತುಳು, ಕೊಂಕಣಿ ಮನೆಮಾತಿನ ಎಷ್ಟೋ ಮಕ್ಕಳು ಕನ್ನಡ ಶಾಲೆಗೆ ಹೋಗ್ತಾರೆ. ಜನಗಣತಿ ಅವರನ್ನು ಬೇರೆ ಬೇರೆ ಎಣಿಸುತ್ತೆ. ಇದನ್ನು ಇದ್ದ ಹಾಗೇ ಹೇಳಿದರೆ ನಮ್ಮ ವಾದ ಗಟ್ಟಿ. ಎಲ್ಲರನ್ನೂ ಕನ್ನಡದ ಲೆಕ್ಕಕ್ಕೆ ಸೇರಿಸಿ ಹೇಳಿದರೆ ಒಂದೇ ಪ್ರಶ್ನೆಗೆ ಬಿದ್ದುಹೋಗುತ್ತೆ.

ಪತ್ರಿಕೆಗಳಿಗೂ ವಿಶ್ವಕೋಶದವರಿಗೂ ನಮ್ಮ ಬೇಡಿಕೆ ಸಣ್ಣದು. ತಪ್ಪು ಎಲ್ಲಿ ಬಂತೋ ಅಲ್ಲೇ ತಿದ್ದುಪಡಿ ಬರಲಿ. ಏನು ತಪ್ಪಾಗಿತ್ತು, ಯಾವತ್ತು ತಿದ್ದಿದಿರಿ ಅಂತ ಬರೆಯಲಿ. ನಮ್ಮದು ಸಣ್ಣ ತಾಲೂಕು ಅಂತ ಸಣ್ಣ ಅಕ್ಷರದಲ್ಲಿ ಹಾಕಬೇಡಿ.

ಬೇರೆಯವರಿಂದ ಕೇಳೋದನ್ನು ಮೊದಲು ನಾವು ಮಾಡಬೇಕು. ಇವತ್ತಿನಿಂದ ಈ ಪೇಜಿನಲ್ಲಿ ತಪ್ಪಾದರೆ ಪೋಸ್ಟ್ ತೆಗೆಯಲ್ಲ. ಅದರ ಮೇಲೇ ತಿದ್ದುಪಡಿ ಹಾಕ್ತೇವೆ, ತೋರಿಸಿಕೊಟ್ಟವರಿಗೆ ಧನ್ಯವಾದ ಹೇಳ್ತೇವೆ, ಅವರು ಯಾವ ಭಾಷೆಯವರಾದರೂ ಸರಿ. ಮರೆಮಾಡಿದ್ದ ಆ ಕಾಮೆಂಟಿನ ಹುಡುಗನಿಗೆ ಮೆಸೇಜ್ ಮಾಡಿ ಕ್ಷಮೆ ಕೇಳಿದ್ದೇವೆ. ಪೋಸ್ಟರನ್ನು ಮತ್ತೆ ಹಾಕ್ತಿದ್ದೇವೆ, ಅದರ ಮೇಲೆ ಕೆಳಗಿನ ಸಾಲುಗಳೊಂದಿಗೆ. ಆವತ್ತು ಶೇರ್ ಮಾಡಿದವರು ಇದನ್ನೂ ಶೇರ್ ಮಾಡಿ. ಆವತ್ತು ಎಷ್ಟು ಜನರಿಗೆ ತಲುಪಿತೋ ಅಷ್ಟೂ ಜನರಿಗೆ ತಲುಪಬೇಕು.

ತಿದ್ದುಪಡಿ: ವಿದೇಶಿಯೊಬ್ಬರು ನಿಘಂಟು ಬರೆದ ಏಕೈಕ ಭಾರತೀಯ ಭಾಷೆ ಕನ್ನಡ ಎಂದು ರಾಜ್ಯೋತ್ಸವದ ದಿನ ಈ ಪೇಜಿನಲ್ಲಿ ಬರೆದಿದ್ದೆವು. ಅದು ತಪ್ಪು. ಮಲಯಾಳಂ, ತೆಲುಗು, ತಮಿಳು, ಮರಾಠಿ, ಕೊಂಕಣಿ, ತುಳು ಭಾಷೆಗಳಿಗೂ ವಿದೇಶಿಯರು ಬರೆದ ನಿಘಂಟುಗಳಿವೆ, ಅವೆಲ್ಲ ಕಿಟೆಲ್ ನಿಘಂಟಿಗಿಂತ ಮೊದಲೇ ಬಂದಿವೆ. ತಪ್ಪು ತೋರಿಸಿದವರ ಕಾಮೆಂಟನ್ನು ಮರೆಮಾಡಿದ್ದು, ಹೇಳದೆ ಪೋಸ್ಟ್ ಅಳಿಸಿದ್ದು ಇನ್ನೂ ದೊಡ್ಡ ತಪ್ಪು. ಎರಡಕ್ಕೂ ಕ್ಷಮೆ ಕೇಳುತ್ತೇವೆ.

ಇಷ್ಟು ಬರೆಯೋಕೆ ನಮಗೆ ಐದು ನಿಮಿಷ ಸಾಕಾಯಿತು. ಆ ಪತ್ರಿಕೆಗೂ ಅಷ್ಟೇ ಸಾಕು. ನಾಳೆ ಅವರಿಗೆ ಎರಡನೇ ಕಾಗದ ಹೋಗುತ್ತೆ, ಈ ತಿದ್ದುಪಡಿಯ ಪ್ರತಿಯ ಜೊತೆ.